ದಂಡದ ಆದೇಶ ಬಂದಾಗ ಮೊದಲು ತಟ್ಟಬೇಕಾದ ಬಾಗಿಲು

ಉದಗೀರ, ನಿಲಂಗಾ ತಾಲೂಕುಗಳು 1956ರವರೆಗೆ ಬೀದರ ಜಿಲ್ಲೆಗೇ ಸೇರಿದ್ದವು. ರಾಜ್ಯಗಳ ಪುನರ್ವಿಂಗಡಣೆಯಿಂದ ಗಡಿರೇಖೆ ನಡುವೆ ಹಾದುಹೋದರೂ ಉದಗೀರದಿಂದ ಬೀದರಕ್ಕೆ, ನಿಲಂಗೆಯಿಂದ ಭಾಲ್ಕಿಗೆ, ಉಮರ್ಗೆಯಿಂದ ಬಸವಕಲ್ಯಾಣಕ್ಕೆ ನಮ್ಮವರ ಹೋಗುಬರುವಿಕೆಯೂ ವ್ಯಾಪಾರವೂ ನಿಂತಿಲ್ಲ. ಹೀಗೆ ಗಡಿ ದಾಟುವ ಸರಕಿನ ಲಾರಿಯನ್ನು ತೆರಿಗೆ ಅಧಿಕಾರಿಗಳು ತಡೆದು ದಂಡ ವಿಧಿಸಿದಾಗ, ‘ನೇರವಾಗಿ ಹೈಕೋರ್ಟಿಗೇ ಹೋಗೋಣ’ ಎಂಬ ಮಾತು ಮನೆಯಲ್ಲಿ ಹೊರಡುವುದು ಸಹಜ. ಆದರೆ ಆ ಆತುರದಲ್ಲಿ ಕೈಗೆಟಕುವ ಪರಿಹಾರವೇ ತಪ್ಪಿಹೋಗಬಹುದೆಂಬುದನ್ನು ವಾಚಕರ ಗಮನಕ್ಕೆ ತರಬಯಸುತ್ತೇವೆ.

ಸಂವಿಧಾನದ 226ನೆಯ ವಿಧಿಯು ಹೈಕೋರ್ಟಿಗೆ ವಿಶಾಲವಾದ ಅಧಿಕಾರವನ್ನು ಕೊಟ್ಟಿದೆ. ಆದರೂ ಕಾಯಿದೆಯೇ ಮೇಲ್ಮನವಿಯ ದಾರಿಯನ್ನು ತೋರಿರುವಾಗ ರಿಟ್ ಅರ್ಜಿಯನ್ನು ಸಾಮಾನ್ಯವಾಗಿ ಪುರಸ್ಕರಿಸಬಾರದೆಂಬ ಸಂಯಮವನ್ನು ನ್ಯಾಯಾಲಯಗಳು ಪಾಲಿಸಿಕೊಂಡು ಬಂದಿವೆ. ಮೂಲಭೂತ ಹಕ್ಕಿನ ಪ್ರಶ್ನೆ, ಅಹವಾಲು ಕೇಳದೆ ಆದೇಶ ಮಾಡಿದ್ದು, ಅಧಿಕಾರವೇ ಇಲ್ಲದವರು ಆದೇಶ ಮಾಡಿದ್ದು, ಕಾಯಿದೆಯ ಸಿಂಧುತ್ವವನ್ನೇ ಪ್ರಶ್ನಿಸುವುದು – ಇವು ಅಪವಾದಗಳೆಂದು ಸುಪ್ರೀಂ ಕೋರ್ಟು 1998ರ ವರ್ಲ್‌ಪೂಲ್ ಪ್ರಕರಣದಲ್ಲಿ ಹೇಳಿದೆ.

ಎರಡು ನಿದರ್ಶನಗಳನ್ನು ನೋಡೋಣ. 2019ರ ಡಿಸೆಂಬರಿನಲ್ಲಿ ಬಳ್ಳಾರಿ ಸೀಮೆಯ ವಿದ್ಯಾನಗರದಿಂದ ತೆಲಂಗಾಣದ ಬಾಲಾನಗರಕ್ಕೆ ಹೊರಟ ಉಕ್ಕಿನ ಲಾರಿಯನ್ನು ಜೀಡಿಮೆಟ್ಲದಲ್ಲಿ ತಡೆಯಲಾಯಿತು. ಖರೀದಿದಾರರಾದ ಕಮರ್ಷಿಯಲ್ ಸ್ಟೀಲ್ ಕಂಪನಿಯವರು ತೆರಿಗೆ ಮತ್ತು ದಂಡವೆಂದು 4,16,447 ರೂಪಾಯಿ ಕಟ್ಟಿ, ಬಳಿಕ ಹೈಕೋರ್ಟಿಗೆ ಹೋಗಿ ಗೆದ್ದರು. ಆದರೆ 2021ರ ಸೆಪ್ಟೆಂಬರ್ 3ರಂದು ಸುಪ್ರೀಂ ಕೋರ್ಟು ಆ ತೀರ್ಪನ್ನು ರದ್ದುಪಡಿಸಿತು. ಲಾರಿ ದಾರಿ ತಪ್ಪಿತೋ, ತೆರಿಗೆ ತಪ್ಪಿಸಲೆಂದೇ ಹೋಯಿತೋ ಎಂಬ ಸಂಗತಿಯನ್ನು ಮೇಲ್ಮನವಿ ಪ್ರಾಧಿಕಾರವೇ ಪರಿಶೀಲಿಸಲಿ ಎಂಬುದು ಅದರ ನಿಲುವು. ಎರಡು ವರ್ಷಗಳ ಬಳಿಕ ಕಂಪನಿಯವರು ಮೊದಲ ಮೆಟ್ಟಿಲಿಗೇ ಮರಳಬೇಕಾಯಿತು.

ಇನ್ನೊಂದು ಪ್ರಕರಣ ಇದಕ್ಕೆ ಪ್ರತಿಯಾದುದು. ಕರ್ನಾಟಕದ ಅಡಕೆ ವ್ಯಾಪಾರಿಯೊಬ್ಬರ ಸರಕನ್ನು ಉತ್ತರ ಪ್ರದೇಶದಲ್ಲಿ ತಡೆದ ಅಧಿಕಾರಿಗಳು ಹಣ ಕಟ್ಟಿಸಿಕೊಂಡರು. ಅಂತಿಮ ಆದೇಶವನ್ನು ಮಾತ್ರ ಮಾಡಲಿಲ್ಲ. ಆದೇಶವೇ ಇಲ್ಲದಿದ್ದರೆ ಮೇಲ್ಮನವಿ ಹೇಗೆ? 2025ರ ಜುಲೈನಲ್ಲಿ ಸುಪ್ರೀಂ ಕೋರ್ಟು, ಹಣ ಕಟ್ಟಿದ್ದರೂ ಕಾರಣಸಹಿತವಾದ ಆದೇಶವನ್ನು ಕೊಡಲೇಬೇಕೆಂದು ತೀರ್ಪಿತ್ತಿತು. ಆದುದರಿಂದ ಲಾರಿ ಬಿಡಿಸಿಕೊಳ್ಳುವ ಅವಸರದಲ್ಲಿ ಹಣ ಕಟ್ಟಿದವರೂ ಆಕ್ಷೇಪಣೆಯನ್ನು ಲಿಖಿತವಾಗಿ ಸಲ್ಲಿಸಿ, ಆದೇಶದ ಪ್ರತಿಯನ್ನು ಕೇಳಿ ಪಡೆಯಬೇಕು.

ಆದೇಶ ಕೈಸೇರಿದ ದಿನದಿಂದ ಗಡುವು ಓಡತೊಡಗುತ್ತದೆ. ಜಿ.ಎಸ್.ಟಿ. ಕಾಯಿದೆಯ 107ನೆಯ ಕಲಮಿನಂತೆ ಮೇಲ್ಮನವಿಗೆ ಮೂರು ತಿಂಗಳ ಅವಧಿಯಿದೆ. ತಕ್ಕ ಕಾರಣವಿದ್ದರೆ ಇನ್ನೊಂದು ತಿಂಗಳು ಮಾತ್ರ. ಸಾಗಣೆಯಲ್ಲಿ ತಡೆದ ಸರಕಿನ ದಂಡವಾದರೆ ದಂಡದ ಶೇಕಡಾ 10ರಷ್ಟನ್ನು ಮುಂಗಡವಾಗಿ ಕಟ್ಟಬೇಕು. ಗಡುವು ಮೀರಿದ ಮೇಲೆ ಹೈಕೋರ್ಟು ಕಾಪಾಡೀತೆಂಬ ಭರವಸೆಯೂ ಬೇಡ: 2020ರ ಗ್ಲಾಕ್ಸೊ ಪ್ರಕರಣದಲ್ಲಿ, ಮೇಲ್ಮನವಿಯ ಅವಧಿಯನ್ನು ಕಳೆದುಕೊಂಡವರ ರಿಟ್ ಅರ್ಜಿಯನ್ನು ಪುರಸ್ಕರಿಸಿದ್ದು ಸರಿಯಲ್ಲವೆಂದು ಸುಪ್ರೀಂ ಕೋರ್ಟು ತೀರ್ಮಾನಿಸಿತು.

ಗಡಿಯವರಾದ ನಮಗೆ ಇನ್ನೊಂದು ತೊಡಕುಂಟು. ಉದಗೀರದ ವ್ಯಾಪಾರಿಯ ಲಾರಿಯನ್ನು ಬೀದರದ ಬಳಿ ಕರ್ನಾಟಕದ ಅಧಿಕಾರಿ ತಡೆದು ಆದೇಶ ಮಾಡಿದರೆ ಮೇಲ್ಮನವಿ ಸಲ್ಲಬೇಕಾದದ್ದು ಕರ್ನಾಟಕದ ಪ್ರಾಧಿಕಾರಕ್ಕೆ, ಲಾತೂರಿನ ಕಚೇರಿಗಲ್ಲ. ರಿಟ್ ಅರ್ಜಿಯ ಸಂದರ್ಭ ಒದಗಿದರೂ ಸಾಮಾನ್ಯವಾಗಿ ಕಲಬುರಗಿ ಪೀಠದತ್ತ ನೋಡಬೇಕೇ ಹೊರತು ಔರಂಗಾಬಾದ ಪೀಠದತ್ತ ಅಲ್ಲ. ತಪ್ಪು ಕಚೇರಿಯ ಬಾಗಿಲಲ್ಲಿ ಕಳೆದ ದಿನಗಳೂ ಗಡುವಿನಲ್ಲಿಯೇ ಕಳೆಯುತ್ತವೆ.

ಆದುದರಿಂದ ಆದೇಶ ಬಂದೊಡನೆ ಅದನ್ನು ಮಾಡಿದವರು ಯಾವ ರಾಜ್ಯದ ಅಧಿಕಾರಿ, ಅದು ತಲುಪಿದ ದಿನಾಂಕ ಯಾವುದು, ನಮ್ಮ ಅಹವಾಲನ್ನು ಕೇಳಿದರೇ – ಈ ಮೂರನ್ನು ಬರೆದಿಟ್ಟುಕೊಂಡು ವಕೀಲರ ಬಳಿಗೆ ಹೋಗುವುದು ಲೇಸು. ಅಹವಾಲು ಕೇಳಿಯೇ ಆದೇಶ ಮಾಡಿದ್ದರೆ ಮೇಲ್ಮನವಿಯೇ ರಾಜಮಾರ್ಗ. ಕೇಳದೆ ಮಾಡಿದ್ದರೆ ಹೈಕೋರ್ಟಿನ ಮಾತು ಬರುತ್ತದೆ. ಎರಡರಲ್ಲಿಯೂ ಮೊದಲ ಮೂರು ತಿಂಗಳೊಳಗೇ ಹೆಜ್ಜೆಯಿಡಬೇಕು.