‘ಬಿಟರ್ಲಿ’ ಎಂಬ ಇಂಗ್ಲಿಷ್ ಕ್ರಿಯಾವಿಶೇಷಣ: ಅರ್ಥ ಮತ್ತು ಪ್ರಯೋಗ

ಇತಿಹಾಸವನ್ನು ಬೋಧಿಸುವ ನಾವು ಪದವಿಚಾರಕ್ಕೆ ಕೈಹಾಕುವುದು ಅಧಿಕಪ್ರಸಂಗವೆಂದು ಕೆಲವರಿಗೆ ತೋರಬಹುದು. ಆದುದರಿಂದ ಇದಕ್ಕೆ ಕಾರಣವಾದ ಸಣ್ಣ ಸಂಗತಿಯೊಂದನ್ನು ಮೊದಲು ನಿವೇದಿಸಿಕೊಳ್ಳುತ್ತೇವೆ. ಐರ್ಲೆಂಡಿನ ಸ್ವಾತಂತ್ರ್ಯ ಸಂಗ್ರಾಮವನ್ನು ಕುರಿತು ಕನ್ನಡದಲ್ಲಿ ಪಾಠದ ಟಿಪ್ಪಣಿಗಳನ್ನು ಸಿದ್ಧಪಡಿಸುತ್ತಿದ್ದಾಗ, 1921ರ ಒಪ್ಪಂದವನ್ನು ಒಂದು ಪಕ್ಷದವರು ‘ಬಿಟರ್ಲಿ’ ವಿರೋಧಿಸಿದರೆಂಬ ಇಂಗ್ಲಿಷ್ ಮಾತನ್ನು ನಾವು “ಕಹಿಯಾಗಿ ವಿರೋಧಿಸಿದರು” ಎಂದು ಕನ್ನಡಿಸಿದ್ದೆವು. ತರಗತಿಯಲ್ಲಿ ಅದನ್ನು ಓದಿದಾಗ ಹಿಂದಿನ ಬೆಂಚಿನ ವಿದ್ಯಾರ್ಥಿಯೊಬ್ಬನು ಎದ್ದು ನಿಂತು, “ಕಹಿ ಯಾರಿಗೆ ಸಾರ್? ವಿರೋಧ ಮಾಡಿದವರಿಗೋ, ಮಾಡಿಸಿಕೊಂಡವರಿಗೋ?” ಎಂದು ಕೇಳಿದನು. ತರಗತಿ ನಕ್ಕಿತು, ನಾವೂ ನಕ್ಕೆವು. ಆದರೆ ಉತ್ತರ ಮಾತ್ರ ನಮ್ಮಲ್ಲಿ ಇರಲಿಲ್ಲ. ಆ ಪ್ರಶ್ನೆ ತರಗತಿಯಿಂದ ನಮ್ಮ ಜೊತೆಯಲ್ಲೇ ಹೊರಟು ಬಂದಿತು. ವಿಚಾರಿಸುತ್ತ ಹೋದಂತೆ, ಅದು ಬರಿಯ ಅನುವಾದದ ತೊಡಕಲ್ಲವೆಂದೂ ಇತಿಹಾಸಕಾರನು ತನ್ನ ಆಧಾರಗಳನ್ನು ಹೇಗೆ ಓದಬೇಕೆಂಬುದಕ್ಕೆ ಸಂಬಂಧಿಸಿದ್ದೆಂದೂ ನಮಗೆ ಮನವರಿಕೆಯಾಯಿತು.

ಮೊದಲು ಪದದ ಹುಟ್ಟನ್ನು ನೋಡೋಣ. ‘ಬಿಟರ್’ ಎಂಬ ಗುಣವಾಚಕವು ಅಚ್ಚ ಜರ್ಮಾನಿಕ್ ವರ್ಗದ ಪದ. ಜರ್ಮನ್ ಮತ್ತು ಡಚ್ ಭಾಷೆಗಳಲ್ಲಿಯೂ ಅದು ಇದೇ ರೂಪದಲ್ಲಿ ಬಳಕೆಯಲ್ಲಿದೆ. ಇದರ ಮೂಲವು ರುಚಿಯಲ್ಲ, ಹಲ್ಲು. ಕಚ್ಚು ಎಂಬರ್ಥದ ‘ಬೈಟ್’ ಎಂಬ ಕ್ರಿಯಾಪದಕ್ಕೂ ಇದಕ್ಕೂ ಒಂದೇ ಬೇರು. ‘ಬಿಟರ್’ ಎಂದರೆ ಕಚ್ಚುವಂತಹುದು, ಕಡಿಯುವಂತಹುದು. ಹಳೆಯ ಇಂಗ್ಲಿಷ್ ಕಾವ್ಯವಾದ ‘ಬೇವುಲ್ಫ್’ನಲ್ಲಿ ಬಾಣಕ್ಕೂ ಕಠಾರಿಗೂ ಈ ವಿಶೇಷಣವು ಬಂದಿದೆ, ಅಲ್ಲಿ ನಾಲಗೆಯ ಮಾತೇ ಇಲ್ಲ. ಕುತೂಹಲದ ಸಂಗತಿಯೆಂದರೆ, ಕಹಿ ಎಂಬರ್ಥದ ಗ್ರೀಕ್ ಪದವಾದ ‘ಪಿಕ್ರೋಸ್’ ಕೂಡ ಮೊದಲಿಗೆ ಮೊನಚಾದುದು ಎಂದೇ ಅರ್ಥ ಕೊಡುತ್ತಿದ್ದು, ಹೋಮರನ ಕಾವ್ಯದಲ್ಲಿ ಬಾಣದ ವಿಶೇಷಣವಾಗಿ ಬರುತ್ತದೆ. ಎರಡು ಭಾಷೆಗಳವರು ಬೇರೆ ಬೇರೆ ಬೇರುಗಳಿಂದ ಹೊರಟು, ಇರಿತದಿಂದ ರುಚಿಗೂ ರುಚಿಯಿಂದ ಮನಸ್ಸಿಗೂ ಬಂದು ಸೇರಿದ್ದಾರೆ.

‘ಬೈಟ್’ ಎಂಬುದರ ಹಿಂದಿರುವ ಇಂಡೋ-ಯೂರೋಪಿಯನ್ ಧಾತುವಿಗೆ ಸೀಳು, ಒಡೆ ಎಂದರ್ಥ. ಸಂಸ್ಕೃತದ ‘ಭಿದ್’ ಧಾತು ಅದರದೇ ಸಂತಾನ. ಭೇದ, ಭಿನ್ನ, ಭೇದಿಸು ಎಂದು ದಿನನಿತ್ಯ ಆಡುವ ಕನ್ನಡಿಗನು ತನಗರಿಯದೆಯೇ ‘ಬಿಟರ್’ ಪದದ ದಾಯಾದಿಗಳನ್ನು ನುಡಿಯುತ್ತಿರುತ್ತಾನೆ. ಭಿನ್ನಾಭಿಪ್ರಾಯವು ಕಹಿಯಾಗಿ ಪರಿಣಮಿಸುವುದು ಲೋಕದಲ್ಲಿ ಕಂಡದ್ದೇ. ಪದಗಳ ಕುಲದಲ್ಲಿಯೂ ಅವುಗಳಿಗೆ ನಂಟಸ್ತಿಕೆಯುಂಟೆಂಬುದು ವಿನೋದಕರ.

‘ಲಿ’ ಎಂಬ ಪ್ರತ್ಯಯವನ್ನು ಕುರಿತು ಹೆಚ್ಚು ಹೇಳಬೇಕಾದುದಿಲ್ಲ. ಅದು ಹಳೆಯ ಇಂಗ್ಲಿಷಿನಲ್ಲಿ ದೇಹ, ಆಕಾರ ಎಂಬರ್ಥವುಳ್ಳ ಪದದಿಂದ ಬಂದುದು. ಕನ್ನಡದ ‘ಆಗಿ’ ಎಂಬುದು ‘ಆಗು’ ಧಾತುವಿನಿಂದ ಬಂದಂತೆ ಅದೂ ಒಂದು ಕಾಲಕ್ಕೆ ಸ್ವತಂತ್ರ ಪದದ ಅಂಶವಾಗಿದ್ದು ಸವೆದು ಪ್ರತ್ಯಯವಾಯಿತು.

ಇನ್ನು ಪ್ರಯೋಗದ ವಿಚಾರ. ಇಂಗ್ಲಿಷ್ ಗದ್ಯಕ್ಕೆ ಅಳತೆಗೋಲಿನಂತಿರುವ 1611ರ ಬೈಬಲ್ ಅನುವಾದದಲ್ಲಿ ಈ ಪದವು ಬರುವ ಮೂರು ಸ್ಥಳಗಳನ್ನು ಎತ್ತಿಕೊಂಡರೆ ಅದರ ಮೂರು ಮುಖಗಳು ಗೋಚರವಾಗುತ್ತವೆ. ಮೊದಲನೆಯದು ಪೇತ್ರನ ಪ್ರಸಂಗ. ಕೋಳಿ ಕೂಗುವ ಮೊದಲೇ ಮೂರು ಸಲ ಗುರುವನ್ನು ಅರಿಯೆನೆಂದು ಹೇಳಿದ ಶಿಷ್ಯನು ಹೊರಗೆ ಹೋಗಿ ಅಳುತ್ತಾನೆ. ಆ ಅಳುವಿಗೆ ‘ಬಿಟರ್ಲಿ’ ಎಂಬ ವಿಶೇಷಣವಿದೆ. ಗ್ರೀಕ್ ಮೂಲದಲ್ಲಿಯೂ ಅಲ್ಲಿ ಕಹಿಯ ಪದವೇ ಇದೆ. ಇಲ್ಲಿ ಕಹಿಯು ಕರ್ತೃವಿನದು. ಅಳುವವನೇ ನೊಂದವನು, ಅದರ ಮೇಲೆ ತನ್ನ ನೋವಿಗೆ ತಾನೇ ಕಾರಣನಾದವನು. ಕನ್ನಡ ಬೈಬಲ್ಲಿನ ಅನುವಾದಕರು ಈ ಎಡೆಯಲ್ಲಿ ಕಹಿಯನ್ನು ಬಿಟ್ಟು ವ್ಯಥೆಯನ್ನು ಹಿಡಿದಿರುವುದು ಅವರ ವಿವೇಕಕ್ಕೆ ಸಾಕ್ಷಿ.

ಎರಡನೆಯದು ರೂತಳ ಪುಸ್ತಕದ ನವೊಮಿಯ ಮಾತು. ಪರದೇಶದಲ್ಲಿ ಗಂಡನನ್ನೂ ಇಬ್ಬರು ಮಕ್ಕಳನ್ನೂ ಕಳೆದುಕೊಂಡು ಊರಿಗೆ ಹಿಂದಿರುಗಿದ ಆಕೆ, ಹಿತವಾದವಳೆಂಬರ್ಥದ ತನ್ನ ಹೆಸರನ್ನು ಬಿಟ್ಟು ‘ಮಾರಾ’, ಎಂದರೆ ಕಹಿಯಾದವಳು, ಎಂದು ಕರೆಯಿರೆಂದು ಊರವರಿಗೆ ಹೇಳುತ್ತಾಳೆ. ದೇವರು ತನ್ನೊಡನೆ ‘ಬಿಟರ್ಲಿ’ ವರ್ತಿಸಿದನೆಂಬುದು ಆಕೆ ಕೊಡುವ ಕಾರಣ. ಇಲ್ಲಿ ಕರ್ತೃ ದೇವರು. ಆದರೆ ಕಹಿಯು ದೇವರ ಮನಸ್ಸಿನಲ್ಲಿಲ್ಲ, ನವೊಮಿಯ ಬಾಳಿನಲ್ಲಿದೆ. ವ್ಯಾಕರಣದ ದೃಷ್ಟಿಯಿಂದ ಪೇತ್ರನ ವಾಕ್ಯಕ್ಕೂ ಇದಕ್ಕೂ ಭೇದವೇನೂ ಕಾಣದು; ಅರ್ಥದಲ್ಲಿ ಮಾತ್ರ ಕಹಿಯು ವಾಕ್ಯದ ಒಂದು ತುದಿಯಿಂದ ಇನ್ನೊಂದು ತುದಿಗೆ ಜಿಗಿದಿದೆ. ನಮ್ಮ ವಿದ್ಯಾರ್ಥಿಯ ಪ್ರಶ್ನೆ ಎಷ್ಟು ಸಾಧುವಾದುದೆಂಬುದು ಇಲ್ಲಿ ಸ್ಪಷ್ಟವಾಗುತ್ತದೆ.

ಮೂರನೆಯದು ನ್ಯಾಯಸ್ಥಾಪಕರ ಪುಸ್ತಕದ ದೆಬೋರಳ ಗೀತೆಯಲ್ಲಿ ಬರುವ ಶಾಪ. ಯುದ್ಧಕ್ಕೆ ನೆರವಾಗಿ ಬಾರದ ಮೇರೋಜ್ ಊರಿನವರನ್ನು ‘ಬಿಟರ್ಲಿ’ ಶಪಿಸಿರೆಂದು ಅಲ್ಲಿ ಆಜ್ಞೆಯುಂಟು. ವಿಶೇಷವೆಂದರೆ, ಹೀಬ್ರೂ ಮೂಲದಲ್ಲಿ ಕಹಿಯ ಸೊಲ್ಲೇ ಇಲ್ಲ. ಶಪಿಸು ಎಂಬ ಧಾತುವನ್ನೇ ಎರಡು ಸಲ ಹೇಳಿ ಅಲ್ಲಿ ಒತ್ತು ಕೊಟ್ಟಿದೆ. ಕನ್ನಡದಲ್ಲಾದರೆ “ಶಪಿಸಿ ಶಪಿಸಿ” ಎಂದು ಇಮ್ಮಡಿಸಿದರೆ ಸಾಕಾಗಿತ್ತು. ಇಂಗ್ಲಿಷಿಗೆ ಆ ಸೌಕರ್ಯವಿಲ್ಲದ ಕಾರಣ ಅನುವಾದಕರು ತಮ್ಮ ಕಡೆಯಿಂದ ಈ ಪದವನ್ನು ತಂದಿಟ್ಟರು. ಅಂದಮೇಲೆ ಹದಿನೇಳನೆಯ ಶತಮಾನದ ಆರಂಭದಲ್ಲಿಯೇ ಇದು ಕೇವಲ ತೀವ್ರತೆಯನ್ನು ಸೂಚಿಸುವ ಪದವಾಗಿಯೂ ಸಲ್ಲುತ್ತಿತ್ತೆಂಬುದು ಖಚಿತ.

ತೀವ್ರತಾವಾಚಕವಾದ ಪದಗಳು ಕ್ರಮೇಣ ಮೂಲಾರ್ಥವನ್ನು ಕಳೆದುಕೊಳ್ಳುವುದು ಭಾಷೆಗಳ ಸಾಮಾನ್ಯ ಧರ್ಮ. ಭಯಂಕರ ಎಂಬರ್ಥದ ‘ಟೆರಿಬ್ಲಿ’, ‘ಆಫುಲಿ’ ಮುಂತಾದುವು ಈಗ ಒಳ್ಳೆಯದರ ಮುಂದೆಯೂ ಬರುತ್ತವೆ. ನಮ್ಮಲ್ಲಿ ಯುವಕರು “ಭಯಂಕರ ಚೆನ್ನಾಗಿದೆ” ಎನ್ನುವುದಿಲ್ಲವೆ? ‘ಬಿಟರ್ಲಿ’ ಮಾತ್ರ ಈ ಹಾದಿಯಲ್ಲಿ ಅರ್ಧದಲ್ಲೇ ನಿಂತಿದೆ. ಅಳು, ದೂರು, ಪಶ್ಚಾತ್ತಾಪ, ನಿರಾಶೆ, ವಿರೋಧ, ಒಡಕು, ಚಳಿ ಇವುಗಳ ಮುಂದೆ ಅದು ಬರುತ್ತದೆ. ಸಂತೋಷದ ಮುಂದೆ ಬಾರದು. ಅದರ ಹಲ್ಲು ಇನ್ನೂ ಪೂರ್ತಿಯಾಗಿ ಉದುರಿಲ್ಲ.

ಚಳಿಯ ಪ್ರಯೋಗದಲ್ಲಿ ಕಹಿಯು ಯಾರದೂ ಅಲ್ಲ. 1947ರ ಜನವರಿಯ ಕೊನೆಯಿಂದ ಮಾರ್ಚ್ ಮಧ್ಯದವರೆಗೆ ಬ್ರಿಟನ್ನಿನಲ್ಲಿ ಬಿದ್ದ ಹಿಮವನ್ನೂ ಚಳಿಯನ್ನೂ ವರ್ಣಿಸುವವರು ತಪ್ಪದೆ ಈ ಪದವನ್ನು ಬಳಸುತ್ತಾರೆ. ಆ ವರ್ಷದ ಜನವರಿ 1ರಂದಷ್ಟೆ ಕಲ್ಲಿದ್ದಲಿನ ಗಣಿಗಳು ರಾಷ್ಟ್ರದ ಸ್ವತ್ತಾಗಿದ್ದವು. ಕಲ್ಲಿದ್ದಲು ಸಾಗದೆ, ಫೆಬ್ರವರಿಯಲ್ಲಿ ಕಾರ್ಖಾನೆಗಳಿಗೆ ವಿದ್ಯುತ್ತು ನಿಂತಿತು. ಜನರಿಗೆ ಸರ್ಕಾರದ ಮೇಲೆ ಮುನಿಸಿದ್ದಿತು ನಿಜ. ಆದರೆ ‘ಬಿಟರ್ಲಿ ಕೋಲ್ಡ್’ ಎಂದಾಗ ಆ ಮುನಿಸು ಅಲ್ಲಿ ಸೇರುವುದಿಲ್ಲ. ಮೈಯನ್ನು ಕಚ್ಚುವ ಚಳಿ ಎಂದಷ್ಟೇ ಅರ್ಥ. ಪದವು ಇಲ್ಲಿ ತನ್ನ ಹುಟ್ಟಿದ ಮನೆಗೆ ಮರಳಿದೆಯೆನ್ನಬಹುದು. ಕನ್ನಡಿಗನು ಕೊರೆಯುವ ಚಳಿ ಎನ್ನುತ್ತಾನೆ. ಅವರದು ಹಲ್ಲು, ನಮ್ಮದು ಉಳಿ. ಅನುವಾದಕ್ಕೆ ತೊಡಕೇ ಇಲ್ಲ.

ತೊಡಕಿರುವುದು ಮನುಷ್ಯರ ನಡುವಣ ವ್ಯವಹಾರದಲ್ಲಿ. ಈಗ ಐರ್ಲೆಂಡಿಗೆ ಮರಳಬೇಕು. 1921ರ ಡಿಸೆಂಬರ್ 6ರಂದು ಲಂಡನ್ನಿನಲ್ಲಿ ಸಹಿಯಾದ ಒಪ್ಪಂದವು ಐರ್ಲೆಂಡಿಗೆ ಸ್ವತಂತ್ರ ಉಪನಿವೇಶದ ಸ್ಥಾನವನ್ನು ಕೊಟ್ಟಿತು. ಪೂರ್ಣ ಗಣರಾಜ್ಯವನ್ನು ಕೊಡಲಿಲ್ಲ. ಪ್ರತಿನಿಧಿಗಳು ದೊರೆಗೆ ನಿಷ್ಠೆಯ ಪ್ರಮಾಣ ಮಾಡಬೇಕಾಗಿದ್ದಿತು. 1922ರ ಜನವರಿ 7ರಂದು ಐರಿಷ್ ಪ್ರತಿನಿಧಿ ಸಭೆಯು 57ಕ್ಕೆ ವಿರುದ್ಧವಾಗಿ 64 ಮತಗಳಿಂದ ಒಪ್ಪಂದವನ್ನು ಅಂಗೀಕರಿಸಿತು. ಜೂನ್ ತಿಂಗಳಿಗೆ ಅಂತರ್ಯುದ್ಧ ಹೊತ್ತಿಕೊಂಡು ಮುಂದಿನ ವರ್ಷದ ಮೇ ತಿಂಗಳವರೆಗೆ ಉರಿಯಿತು. ಈ ಒಡಕನ್ನು ಕುರಿತು ಬರೆಯುವ ಇಂಗ್ಲಿಷ್ ಲೇಖಕರ ಕೈಗೆ ‘ಬಿಟರ್ಲಿ’ ಎಂಬ ಪದವು ತಾನಾಗಿಯೇ ಬಂದು ಸೇರುತ್ತದೆ. ‘ಬಲವಾಗಿ ವಿರೋಧಿಸಿದರು’ ಎಂದರೆ ಅವರಿಗೆ ತೃಪ್ತಿಯಿಲ್ಲ. ಏಕೆ?

ಆ ಯುದ್ಧದ ಕೆಲವು ಸಂಗತಿಗಳನ್ನು ನೋಡಿದರೆ ಕಾರಣವು ತಿಳಿಯುತ್ತದೆ. ಒಪ್ಪಂದಕ್ಕೆ ಸಹಿ ಹಾಕಿದ ಮೈಕೇಲ್ ಕಾಲಿನ್ಸನು 1922ರ ಆಗಸ್ಟ್ 22ರಂದು ಕಾರ್ಕ್ ಪ್ರಾಂತದಲ್ಲಿ ಹೊಂಚುದಾಳಿಗೆ ಬಲಿಯಾದನು. ಹೊಂಚು ಹಾಕಿದವರ ಮುಖಂಡ ಟಾಮ್ ಹೇಲ್ಸ್. ಅವನ ಒಡಹುಟ್ಟಿದ ಷಾನ್ ಹೇಲ್ಸ್ ಒಪ್ಪಂದದ ಪಕ್ಷದ ಪ್ರತಿನಿಧಿ. ಅದೇ ಡಿಸೆಂಬರ್ 7ರಂದು ಒಪ್ಪಂದ ವಿರೋಧಿಗಳು ಷಾನ್ ಹೇಲ್ಸನನ್ನು ಡಬ್ಲಿನ್ನಿನಲ್ಲಿ ಗುಂಡಿಕ್ಕಿ ಕೊಂದರು. ಅದಕ್ಕೆ ಪ್ರತಿಯಾಗಿ ಸರ್ಕಾರವು ಮರುದಿನ ಬೆಳಗ್ಗೆ ಸೆರೆಯಲ್ಲಿದ್ದ ನಾಲ್ವರಿಗೆ ಮರಣದಂಡನೆ ವಿಧಿಸಿತು. ಆ ನಾಲ್ವರಲ್ಲಿ ರೋರಿ ಓ’ಕಾನರ್ ಒಬ್ಬನು. ದಂಡನೆಗೆ ಸಮ್ಮತಿಯಿತ್ತ ಮಂತ್ರಿಗಳಲ್ಲಿ ಕೆವಿನ್ ಓ’ಹಿಗಿನ್ಸ್ ಒಬ್ಬನು. ವರ್ಷದ ಹಿಂದೆ ಓ’ಹಿಗಿನ್ಸನ ಮದುವೆಯಲ್ಲಿ ವರನ ಪಕ್ಕದಲ್ಲಿ ನಿಂತ ಗೆಳೆಯನೇ ಓ’ಕಾನರ್.

ಆದಕಾರಣ ‘ಬಿಟರ್ಲಿ’ ಎಂಬುದು ವಿರೋಧದ ಪ್ರಮಾಣವನ್ನಲ್ಲ, ಅದರ ಹಿನ್ನೆಲೆಯನ್ನು ಹೇಳುವ ಪದ. ಪರಕೀಯನನ್ನು ಉಗ್ರವಾಗಿ ವಿರೋಧಿಸಬಹುದು. ತನ್ನವನೆಂದು ನಂಬಿ ಕೆಟ್ಟಾಗ ಮಾತ್ರ ಆ ವಿರೋಧಕ್ಕೆ ಈ ವಿಶೇಷಣವು ನಿಜವಾಗಿ ಒಪ್ಪುತ್ತದೆ. ನಿರಾಶೆಯ ಮುಂದೆ ಇದು ಬರುವುದೂ ಇದೇ ಕಾರಣದಿಂದ. ಆಸೆ ಇಟ್ಟುಕೊಳ್ಳದವನಿಗೆ ಆ ನಿರಾಶೆಯಿಲ್ಲ. ನಮ್ಮ ವಿದ್ಯಾರ್ಥಿಗೆ ಈಗ ಉತ್ತರ ಕೊಡಬಹುದು: ಐರ್ಲೆಂಡಿನಲ್ಲಿ ಕಹಿಯು ವಿರೋಧ ಮಾಡಿದವರಿಗೂ ಇತ್ತು, ಮಾಡಿಸಿಕೊಂಡವರಿಗೂ ಇತ್ತು. ಇಂಗ್ಲಿಷ್ ಪದವು ಎರಡನ್ನೂ ಒಂದೇ ಉಸಿರಿನಲ್ಲಿ ಹೇಳಿ, ಯಾರದು ಎಷ್ಟೆಂಬ ಲೆಕ್ಕವನ್ನು ಓದುಗನಿಗೇ ಬಿಡುತ್ತದೆ.

ಕನ್ನಡದ ಜಾಯಮಾನ ಬೇರೆ. ನಮ್ಮ ಕಹಿ, ಹಳಗನ್ನಡದ ಕಯ್ಪು, ನಾಲಗೆಯಲ್ಲಿ ಹುಟ್ಟಿದ ಪದ. ತಮಿಳಿನಲ್ಲಿಯೂ ಅದರ ಜ್ಞಾತಿಪದಗಳಿವೆ. ಅದು ಬೇವಿನದು, ಹಾಗಲಕಾಯಿಯದು, ಕಷಾಯದ್ದು. ಯುಗಾದಿಯ ದಿನ ಅದನ್ನು ಬೆಲ್ಲದೊಡನೆ ಕೇಳಿ ಪಡೆದು ತಿನ್ನುತ್ತೇವೆ. ಇಂಗ್ಲಿಷಿನ ಕಹಿ ನಮ್ಮನ್ನು ಕಚ್ಚುತ್ತದೆ. ಕನ್ನಡದ ಕಹಿಯನ್ನು ನಾವು ನುಂಗುತ್ತೇವೆ. ಕಹಿ ನೆನಪು, ಕಹಿ ಅನುಭವ ಎಂಬ ಮಾತುಗಳು ಈಗ ರೂಢಿಯಲ್ಲಿ ನೆಲೆನಿಂತಿವೆ. ಅವುಗಳ ಬಗೆಗೆ ನಮ್ಮ ಆಕ್ಷೇಪವಿಲ್ಲ. ಆದರೆ ‘ಕಹಿಯಾಗಿ’ ಎಂಬುದನ್ನು ಕ್ರಿಯಾಪದದ ಮುಂದೆ ತಂದೊಡನೆ ಮಾತು ಮುಗ್ಗರಿಸುತ್ತದೆ. “ಕಹಿಯಾಗಿ ವಿರೋಧಿಸಿದರು” ಎಂದರೆ ಬೇವಿನ ಕಡ್ಡಿಯನ್ನು ಜಗಿಯುತ್ತ ವಿರೋಧಿಸಿದಂತೆ ಕೇಳಿಸುತ್ತದೆ. ಟೀಕೆಯ ಸಂದರ್ಭದಲ್ಲಿ ‘ಕಟುವಾಗಿ’ ಎಂಬುದು ಸಲ್ಲುತ್ತದೆ. ಆಯುರ್ವೇದದ ಷಡ್ರಸಗಳಲ್ಲಿ ಕಟು ಎಂದರೆ ಖಾರ, ಕಹಿಗೆ ತಿಕ್ತವೆಂಬ ಹೆಸರು ಬೇರೆ ಇದೆ ಎಂಬುದನ್ನು ಮಾತ್ರ ಮರೆಯಬಾರದು. ಖಾರದ ಟೀಕೆ ಮಾಡುವವನು ನೊಂದಿರಲೇಬೇಕೆಂದಿಲ್ಲ.

ಕನ್ನಡವು ಇಂತಹ ಎಡೆಗಳಲ್ಲಿ ಕ್ರಿಯಾವಿಶೇಷಣಕ್ಕಿಂತ ಕೃದಂತವನ್ನೇ ನೆಚ್ಚುತ್ತದೆ. ನೊಂದು ನುಡಿದನು, ಬಿಕ್ಕಿ ಬಿಕ್ಕಿ ಅತ್ತನು, ಕನಲಿ ಎದುರುಬಿದ್ದನು, ಹಲುಬಿ ದೂರಿಕೊಂಡನು. ಇಂಗ್ಲಿಷ್ ಒಂದೇ ಪದವನ್ನು ಹತ್ತು ಕಡೆ ನಿಲ್ಲಿಸಿದರೆ ಕನ್ನಡವು ಹತ್ತು ಕಡೆ ಹತ್ತು ಕ್ರಿಯೆಗಳನ್ನು ತರುತ್ತದೆ. ಆದರೆ ಈ ಸಂಪತ್ತಿಗೆ ಒಂದು ಕಟ್ಟುಪಾಡುಂಟು. ‘ನೊಂದು ನುಡಿದನು’ ಎಂದಾಗ ನೊಂದವನೂ ನುಡಿದವನೂ ಒಬ್ಬನೇ ಆಗಿರಬೇಕು. ಆದ್ದರಿಂದ ಪೇತ್ರನ ವಾಕ್ಯವು ಕನ್ನಡಕ್ಕೆ ಸುಲಭವಾಗಿ ಬರುತ್ತದೆ. ನವೊಮಿಯ ವಾಕ್ಯವನ್ನು ಒಡೆದು, ಬಾಳು ಕಹಿಯಾಗುವಂತೆ ದೇವರು ಮಾಡಿದನೆಂದು ಹೇಳಬೇಕಾಗುತ್ತದೆ. ಇಂಗ್ಲಿಷಿನಲ್ಲಿ ಮರೆಯಾಗಿ ಉಳಿಯಬಹುದಾದ ಕಹಿಯ ಒಡೆಯನನ್ನು ಕನ್ನಡದಲ್ಲಿ ಹೆಸರಿಸದೆ ವಿಧಿಯಿಲ್ಲ.

ಇದನ್ನು ಕನ್ನಡದ ಬಡತನವೆಂದು ಎಣಿಸುವವರುಂಟು. ಇತಿಹಾಸಕಾರನಿಗೆ ಇದು ವರವೆಂಬುದು ನಮ್ಮ ಅಭಿಪ್ರಾಯ. ರೈತರು ಕಂದಾಯದ ವಿಷಯದಲ್ಲಿ ‘ಬಿಟರ್ಲಿ’ ದೂರಿದರೆಂದು ಆಂಗ್ಲ ಅಧಿಕಾರಿಯೊಬ್ಬನ ವರದಿಯಲ್ಲಿ ಬರೆದಿದೆಯೆಂದು ಇಟ್ಟುಕೊಳ್ಳೋಣ. ದೂರು ಕೊಟ್ಟದ್ದು ರೈತರು, ವಿಶೇಷಣ ಅಧಿಕಾರಿಯದು. ಅವನು ಅವರ ಕಣ್ಣೀರನ್ನು ಕಂಡು ಹಾಗೆ ಬರೆದನೋ, ಅವರ ಮಾತಿನ ಬಿರುಸಿನಿಂದ ಕಸಿವಿಸಿಗೊಂಡು ಬರೆದನೋ, ಮೇಲಿನವರಿಗೆ ಪರಿಸ್ಥಿತಿಯ ಗಾಂಭೀರ್ಯವನ್ನು ಮನಗಾಣಿಸಲು ಬರೆದನೋ, ಆ ಪದವೊಂದರಿಂದ ತಿಳಿಯದು. ಇಂಗ್ಲಿಷಿನಲ್ಲಿಯೇ ಉಲ್ಲೇಖಿಸುವವನು ಅದನ್ನು ಹಾಗೆಯೇ ದಾಟಿಸಿ ಮುಂದೆ ಹೋಗಬಹುದು. ಕನ್ನಡದಲ್ಲಿ ಬರೆಯುವವನು ‘ನೊಂದು ದೂರಿದರು’ ಎನ್ನಬೇಕೆ, ‘ಬಿರುನುಡಿಯಿಂದ ದೂರಿದರು’ ಎನ್ನಬೇಕೆ ಎಂದು ಲೇಖನಿಯನ್ನು ತಡೆದು ನಿಲ್ಲಲೇಬೇಕು. ನಿಂತಾಗ ರೈತರ ಅರ್ಜಿಯೇ ಉಳಿದಿದೆಯೇ ಎಂದು ಹುಡುಕಬೇಕೆನಿಸುತ್ತದೆ. ಅರ್ಜಿ ಸಿಕ್ಕದಿದ್ದರೆ ‘ದೂರಿದರು’ ಎಂದಷ್ಟೇ ಬರೆದು, ನೋವಿನ ಮಾತು ವರದಿಗಾರನದೆಂದು ಬೇರೆ ವಾಕ್ಯದಲ್ಲಿ ತಿಳಿಸುವುದು ಲೇಸು.

ಐರ್ಲೆಂಡಿನ ಟಿಪ್ಪಣಿಯನ್ನು ನಾವು ಮರುವರ್ಷ ತಿದ್ದಿದೆವು. “ಕಹಿಯಾಗಿ ವಿರೋಧಿಸಿದರು” ಎಂಬಲ್ಲಿ ಈಗ “ತಮ್ಮವರೇ ತಮಗೆ ಎರಡು ಬಗೆದರೆಂದು ನೊಂದು ವಿರೋಧಿಸಿದರು” ಎಂದಿದೆ. ಒಂದು ಪದದ ಎಡೆಗೆ ಐದು ಪದಗಳಾದುವು. ಒಪ್ಪಂದದ ಪಕ್ಷದವರ ನೋವು ಇದರಲ್ಲಿ ಸೇರದೆಹೋಯಿತು. ಅದಕ್ಕಾಗಿ ಕೆಳಗೆ ಹೇಲ್ಸ್ ಸಹೋದರರ ವೃತ್ತಾಂತವನ್ನು ನಾಲ್ಕು ಸಾಲುಗಳಲ್ಲಿ ಬರೆಸುತ್ತಿದ್ದೇವೆ.