ಕ್ಯಾನ್ಸರ್ ವಿರುದ್ಧ ನಮ್ಮದೇ ಸೈನ್ಯ

1890ರ ಮಾತು. ನ್ಯೂಯಾರ್ಕಿನ ಯುವ ಶಸ್ತ್ರವೈದ್ಯ ವಿಲಿಯಂ ಕೋಲಿ ಅವರ ಬಳಿಗೆ ಹದಿನೇಳರ ಹುಡುಗಿಯೊಬ್ಬಳು ಕೈನೋವೆಂದು ಬಂದಳು. ಅದು ಕ್ಯಾನ್ಸರ್. ಕೈಯನ್ನೇ ಕತ್ತರಿಸಿ ತೆಗೆದರೂ ರೋಗ ಮೈಯೆಲ್ಲ ಹರಡಿ, 1891ರ ಜನವರಿಯಲ್ಲಿ ಆಕೆ ತೀರಿಕೊಂಡಳು. ಆ ಸಾವು ಕೋಲಿಯವರನ್ನು ಬಹಳ ಕಾಡಿತು. ಆಸ್ಪತ್ರೆಯ ಹಳೆಯ ದಾಖಲೆಗಳನ್ನು ತಡಕುತ್ತಾ ಹೋದಾಗ ವಿಚಿತ್ರ ಪ್ರಕರಣವೊಂದು ಅವರ ಕಣ್ಣಿಗೆ ಬಿತ್ತು. ಎಷ್ಟು ಸಲ ಕೊಯ್ದು ತೆಗೆದರೂ ಕುತ್ತಿಗೆಯ ಗಡ್ಡೆ ಮತ್ತೆ ಬೆಳೆಯುತ್ತಿದ್ದ ರೋಗಿಯೊಬ್ಬನಿಗೆ ಚರ್ಮದ ಸೋಂಕು ತಗಲಿ, ಮೈ ಕೆಂಡದಂತೆ ಸುಡತೊಡಗಿತ್ತು. ಜ್ವರ ಇಳಿಯುವ ಹೊತ್ತಿಗೆ ಗಡ್ಡೆಯೂ ಕರಗಿತ್ತು! ಹುಡುಕಿಸಿ ನೋಡಿದರೆ, ಏಳು ವರ್ಷಗಳ ಮೇಲೂ ಆತ ಆರೋಗ್ಯವಾಗಿಯೇ ಇದ್ದ.

ಕೋಲಿ ಅದೇ ಜಾತಿಯ ಬ್ಯಾಕ್ಟೀರಿಯಾಗಳನ್ನು ರೋಗಿಗಳಿಗೆ ಚುಚ್ಚಿ ನೋಡಿದರು. ಕೆಲವರು ಗುಣವಾದರು, ಹಲವರು ಆಗಲಿಲ್ಲ. ಏಕೆಂದು ವಿವರಿಸುವ ವಿಜ್ಞಾನ ಆಗಿನ್ನೂ ಹುಟ್ಟಿರಲಿಲ್ಲ. ವಿಕಿರಣ ಚಿಕಿತ್ಸೆ ಬಂದ ಮೇಲೆ ಕೋಲಿಯವರ ವಿಧಾನ ಮೂಲೆಗೆ ಸರಿಯಿತು. ಆದರೆ ಅವರು ಎತ್ತಿದ ಪ್ರಶ್ನೆ ಉಳಿಯಿತು: ಗಡ್ಡೆಯನ್ನು ಕರಗಿಸಿದ್ದು ಯಾರು?

ಒಳಗಿನ ಕಾವಲು

ಕರಗಿಸಿದ್ದು ನಮ್ಮದೇ ರೋಗನಿರೋಧಕ ವ್ಯವಸ್ಥೆ. ಬಿಳಿ ರಕ್ತಕಣಗಳಲ್ಲಿ ‘ಟಿ ಕೋಶ’ ಎಂಬ ಒಂದು ಪಂಗಡವಿದೆ. ಎದೆಮೂಳೆಯ ಹಿಂದಿರುವ ಥೈಮಸ್ ಗ್ರಂಥಿಯಲ್ಲಿ ತರಬೇತಿ ಪಡೆಯುವುದರಿಂದ ಇವಕ್ಕೆ ಈ ಹೆಸರು. ದೇಹದ ಪ್ರತಿ ಜೀವಕೋಶವೂ ತನ್ನೊಳಗೆ ತಯಾರಾಗುವ ಪ್ರೋಟೀನುಗಳ ತುಣುಕುಗಳನ್ನು ಹೊರಮೈ ಮೇಲೆ ಗುರುತಿನ ಚೀಟಿಯಂತೆ ತೋರಿಸುತ್ತಿರುತ್ತದೆ. ಗಸ್ತು ತಿರುಗುವ ಟಿ ಕೋಶ ಅದನ್ನು ಪರೀಕ್ಷಿಸುತ್ತದೆ. ವೈರಸ್ ಹೊಕ್ಕ ಕೋಶವಾಗಲೀ, ಕೆಟ್ಟು ಕ್ಯಾನ್ಸರಿನತ್ತ ಹೊರಟ ಕೋಶವಾಗಲೀ ಅಪರಿಚಿತ ಚೀಟಿ ತೋರಿಸಿತೋ, ಅದರ ಗೋಡೆಗೆ ತೂತು ಕೊರೆದು ಒಳಗೆ ಮಾರಕ ಕಿಣ್ವಗಳನ್ನು ಬಿಡುತ್ತದೆ. ಅಲ್ಲಿಗೆ ಆ ಕೋಶದ ಕಥೆ ಮುಗಿಯಿತು.

ಹಾಗಿದ್ದರೆ ಕ್ಯಾನ್ಸರ್ ಬರುವುದಾದರೂ ಹೇಗೆ? ಕ್ಯಾನ್ಸರ್ ಕೋಶ ಹೊರಗಿನ ಶತ್ರುವಲ್ಲ, ಮನೆಯವನೇ. ಅದಕ್ಕೆ ಮನೆಯ ಗುಟ್ಟು ಗೊತ್ತು. ಸೈನ್ಯ ಮಿತಿಮೀರಿ ಸ್ವಂತ ಅಂಗಗಳನ್ನೇ ಹಾಳುಮಾಡದಂತೆ ಪ್ರಕೃತಿ ಟಿ ಕೋಶಗಳಿಗೆ ಬ್ರೇಕುಗಳನ್ನು ಇಟ್ಟಿದೆ. ಕ್ಯಾನ್ಸರ್ ಕೋಶ ಮಾಡುವ ಮೋಸವೆಂದರೆ, ಆ ಬ್ರೇಕನ್ನೇ ಒತ್ತಿ ಹಿಡಿಯುವುದು. ಟಿ ಕೋಶ ಗಡ್ಡೆಯ ಬಾಗಿಲಿಗೇ ಬಂದು, ಏನೂ ಮಾಡಲಾಗದೆ ನಿಂತುಬಿಡುತ್ತದೆ.

ಬ್ರೇಕ್ ಬಿಟ್ಟಾಗ

ಬಾಲಕನಾಗಿದ್ದಾಗಲೇ ತಾಯಿಯನ್ನು ಕ್ಯಾನ್ಸರಿಗೆ ಕಳೆದುಕೊಂಡವರು ಅಮೆರಿಕದ ಜೇಮ್ಸ್ ಅಲಿಸನ್. ಟಿ ಕೋಶದ ಮೇಲಿನ ‘ಸಿಟಿಎಲ್ಎ-4’ ಎಂಬ ಪ್ರೋಟೀನು ಇಂಥದೊಂದು ಬ್ರೇಕ್. ಅದನ್ನು ಪ್ರತಿಕಾಯವೊಂದರಿಂದ ಮುಚ್ಚಿದರೆ ಇಲಿಗಳಲ್ಲಿ ಗಡ್ಡೆ ಮಾಯವಾಗುವುದನ್ನು ಅವರು 1996ರಲ್ಲಿ ಪ್ರಕಟಿಸಿದರು. ಜಪಾನಿನ ಕ್ಯೋಟೋದಲ್ಲಿ ತಸುಕು ಹೊಂಜೊ 1992ರಲ್ಲೇ ‘ಪಿಡಿ-1’ ಎಂಬ ಪ್ರೋಟೀನನ್ನು ಪತ್ತೆ ಮಾಡಿದ್ದರು. ಅದೂ ಒಂದು ಬ್ರೇಕ್ ಎಂಬುದು ಮುಂದೆ ತಿಳಿಯಿತು. ಮೊದಲ ಔಷಧಿ ಇಪಿಲಿಮುಮಾಬ್‌ಗೆ ಅಮೆರಿಕದಲ್ಲಿ ಒಪ್ಪಿಗೆ ಸಿಕ್ಕಿದ್ದು 2011ರಲ್ಲಿ. ಇಬ್ಬರಿಗೂ 2018ರ ನೊಬೆಲ್ ಪ್ರಶಸ್ತಿ ಬಂತು. ಮೆಲನೋಮ ಎಂಬ ಕ್ಯಾನ್ಸರ್ ಮೆದುಳಿಗೂ ಹರಡಿದೆ ಎಂದು 2015ರಲ್ಲಿ ತಿಳಿಸಿದಾಗ ಅಮೆರಿಕದ ಮಾಜಿ ಅಧ್ಯಕ್ಷ ಜಿಮ್ಮಿ ಕಾರ್ಟರ್ ಅವರಿಗೆ 90 ವರ್ಷ. ಶಸ್ತ್ರಚಿಕಿತ್ಸೆ, ವಿಕಿರಣದ ಜೊತೆಗೆ ಪಿಡಿ-1 ಬ್ರೇಕನ್ನು ಬಿಡಿಸುವ ಔಷಧಿಯನ್ನೂ ಪಡೆದ ಅವರು ನೂರು ತುಂಬಿಸಿ, 2024ರ ಡಿಸೆಂಬರಿನಲ್ಲಿ ನಿಧನರಾದರು.

ಇನ್ನೊಂದು ದಾರಿ ‘ಕಾರ್-ಟಿ’ ಚಿಕಿತ್ಸೆ. ರೋಗಿಯ ಟಿ ಕೋಶಗಳನ್ನು ಹೊರತೆಗೆದು, ಕ್ಯಾನ್ಸರ್ ಕೋಶವನ್ನು ಗುರುತಿಸಬಲ್ಲ ಹೊಸ ಜೀನನ್ನು ಸೇರಿಸಿ, ಪ್ರಯೋಗಾಲಯದಲ್ಲಿ ಅವುಗಳ ಸಂಖ್ಯೆ ಹೆಚ್ಚಿಸಿ ಮರಳಿ ದೇಹಕ್ಕೆ ಬಿಡುವುದು. 2012ರಲ್ಲಿ ಫಿಲಡೆಲ್ಫಿಯಾದಲ್ಲಿ ಇದನ್ನು ಪಡೆದ ಮೊದಲ ಮಗು ಎಮಿಲಿ ವೈಟ್‌ಹೆಡ್. ರಕ್ತದ ಕ್ಯಾನ್ಸರ್ ಎರಡು ಸಲ ಮರುಕಳಿಸಿತ್ತು. ಅವಳಿಗಿನ್ನೂ ಆರು ವರ್ಷ. ಕೋಶಗಳ ದಾಳಿ ಶುರುವಾದೊಡನೆ ವಿಪರೀತ ಜ್ವರ ಬಂದು, ಉಸಿರಿಗೂ ಯಂತ್ರ ಬೇಕಾಯಿತು. ಸಂಧಿವಾತಕ್ಕೆ ಕೊಡುವ ಔಷಧಿಯೊಂದನ್ನು ವೈದ್ಯರು ಕೊಟ್ಟು ನೋಡಿದರು. ಮಗು ಉಳಿಯಿತು, ಕ್ಯಾನ್ಸರೂ ಹೋಯಿತು.

2017ರಲ್ಲಿ ಅಮೆರಿಕದ ಮಾರುಕಟ್ಟೆಗೆ ಬಂದಾಗ ಈ ಚಿಕಿತ್ಸೆಯ ಬೆಲೆ 4,75,000 ಡಾಲರ್! ಮುಂಬಯಿಯ ಐಐಟಿ ಮತ್ತು ಟಾಟಾ ಮೆಮೋರಿಯಲ್ ಸಂಸ್ಥೆಗಳು ಸೇರಿ ರೂಪಿಸಿದ ದೇಶೀಯ ಕಾರ್-ಟಿ ಚಿಕಿತ್ಸೆಗೆ 2023ರಲ್ಲಿ ಒಪ್ಪಿಗೆ ದೊರೆಯಿತು. ವಿದೇಶದ ಬೆಲೆಯ ಸುಮಾರು ಹತ್ತನೇ ಒಂದು ಪಾಲಿಗೆ ಸಿಗುವ ಇದು ನಮ್ಮ ವಿಜ್ಞಾನಿಗಳ ಹೆಮ್ಮೆಯ ಸಾಧನೆ. ಆದರೂ ಹತ್ತಾರು ಲಕ್ಷ ರೂಪಾಯಿ ಸಾಮಾನ್ಯರ ಕೈಗೆ ಎಟುಕುವ ಮೊತ್ತವಲ್ಲ.

ನೆನಪಿರಲಿ

ಇವು ಸಂಜೀವಿನಿಯಲ್ಲ. ಬ್ರೇಕ್ ಬಿಡಿಸುವ ಔಷಧಿ ಹೆಚ್ಚಿನ ಬಗೆಯ ಕ್ಯಾನ್ಸರುಗಳಲ್ಲಿ ಕೆಲವರಿಗಷ್ಟೇ ಫಲ ಕೊಡುತ್ತದೆ. ಬ್ರೇಕ್ ಇಲ್ಲದ ಸೈನ್ಯ ಕರುಳು, ಶ್ವಾಸಕೋಶ, ಥೈರಾಯ್ಡ್ ಗ್ರಂಥಿಗಳ ಮೇಲೂ ಎರಗಬಹುದು. ಕಾರ್-ಟಿ ಸದ್ಯಕ್ಕೆ ಮುಖ್ಯವಾಗಿ ರಕ್ತ ಸಂಬಂಧಿ ಕ್ಯಾನ್ಸರುಗಳಿಗೆ ಸೀಮಿತ.

ಇನ್ನು, ‘ರೋಗನಿರೋಧಕ ಶಕ್ತಿ ಹೆಚ್ಚಿಸಿ ಕ್ಯಾನ್ಸರ್ ಗುಣಪಡಿಸುತ್ತೇವೆ’ ಎಂದು ಪುಡಿ, ಕಷಾಯ ಮಾರುವವರ ಮಾತು. ಇಲ್ಲಿ ಕೊರತೆ ಇರುವುದು ಸೈನ್ಯದ ಬಲದಲ್ಲಲ್ಲ. ಶತ್ರು ಅದರ ಕೈಕಟ್ಟಿ ಹಾಕಿರುತ್ತಾನೆ. ಆ ಕಟ್ಟನ್ನು ಯಾವ ಪುಡಿಯೂ ಬಿಚ್ಚಲಾರದು. ಇಂಥ ಭರವಸೆ ನಂಬಿ ಕಳೆಯುವ ಒಂದೊಂದು ತಿಂಗಳೂ ಗಡ್ಡೆಗೆ ಸಿಕ್ಕ ಅವಕಾಶ.

ಕೋಟಿಗಳ ಲೆಕ್ಕವಿಲ್ಲದೆ ಈ ಸೈನ್ಯದ ಸಹಾಯ ಪಡೆಯುವ ಮಾರ್ಗವೂ ಇದೆ. ಯಕೃತ್ತಿನ ಕ್ಯಾನ್ಸರಿಗೆ ದಾರಿ ಮಾಡುವ ಹೆಪಟೈಟಿಸ್-ಬಿ ವಿರುದ್ಧದ ಲಸಿಕೆಯನ್ನು ಶಿಶುಗಳಿಗೆ ಸರ್ಕಾರವೇ ಉಚಿತವಾಗಿ ಹಾಕುತ್ತದೆ. ಗರ್ಭಕಂಠದ ಕ್ಯಾನ್ಸರನ್ನು ತಡೆಯುವ ಎಚ್‌ಪಿವಿ ಲಸಿಕೆಗೆ 9ರಿಂದ 14ರ ವಯಸ್ಸು ತಕ್ಕ ಕಾಲ. ಶಾಲೆಗೆ ಹೋಗುವ ಹೆಣ್ಣುಮಕ್ಕಳ ತಂದೆತಾಯಿ ಈ ಬಗ್ಗೆ ವೈದ್ಯರನ್ನು ಒಂದು ಮಾತು ಕೇಳಲಿ. ರೋಗ ಬಂದ ಮೇಲೆ ಸೈನ್ಯದ ಕೈಕಟ್ಟು ಬಿಚ್ಚಲು ವಿಜ್ಞಾನಕ್ಕೆ ನೂರಿಪ್ಪತ್ತು ವರ್ಷ ಹಿಡಿಯಿತು. ಬರುವ ಮುನ್ನವೇ ಅದಕ್ಕೆ ಶತ್ರುವಿನ ಗುರುತು ಹೇಳಿಕೊಡಲು ಒಂದು ಸೂಜಿ ಸಾಕು.