ಶಾಲೆಯ ಸ್ಥಾನಮಾನ ಮತ್ತು ದುಡಿಮೆಯ ಬೆಲೆ

ನೌಕರರ ಸಂಬಳವನ್ನು ನಿಗದಿಪಡಿಸುವಾಗ ವಿದ್ಯಾರ್ಹತೆ, ಅನುಭವ ಹಾಗೂ ಕೌಶಲ್ಯಗಳನ್ನು ಪರಿಗಣಿಸುವುದು ವಾಡಿಕೆ. ಹದಿಹರೆಯದಲ್ಲಿ ಸಹಪಾಠಿಗಳ ನಡುವೆ ಅವರಿಗಿದ್ದ ಸ್ಥಾನಮಾನವೂ ಅರಿವಿಲ್ಲದೆಯೇ ಈ ಲೆಕ್ಕದಲ್ಲಿ ಸೇರಿರಬಹುದೆಂದು ಕೆಲವು ಅಧ್ಯಯನಗಳು ಸೂಚಿಸುತ್ತವೆ.

ಅಮೆರಿಕದ ಸಮಾಜಶಾಸ್ತ್ರಜ್ಞ ಜೇಮ್ಸ್ ಕೋಲ್ಮನ್ ಅವರು 10 ಪ್ರೌಢಶಾಲೆಗಳನ್ನು ಅಭ್ಯಸಿಸಿ 1961ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ, ಹುಡುಗರ ವಲಯದಲ್ಲಿ ಜಾಣ ವಿದ್ಯಾರ್ಥಿಗಿಂತ ಕ್ರೀಡಾಪಟುವಿಗೇ ಹೆಚ್ಚು ಮನ್ನಣೆ ಇತ್ತೆಂದು ತೋರಿಸಿದರು. ಈ ಶ್ರೇಣಿಯ ಪರಿಣಾಮ ಶಾಲೆಯೊಂದಿಗೆ ಮುಗಿಯುವುದಿಲ್ಲ. ವಿಸ್ಕಾನ್ಸಿನ್ ರಾಜ್ಯದಲ್ಲಿ 1957ರಲ್ಲಿ ಪ್ರೌಢಶಿಕ್ಷಣ ಪೂರೈಸಿದವರ ಬದುಕನ್ನು ಸಂಶೋಧಕರು ದಶಕಗಳ ಕಾಲ ಗಮನಿಸಿದ್ದಾರೆ. ಆ ಮಾಹಿತಿಯನ್ನು ಆಧರಿಸಿ 2013ರಲ್ಲಿ ಪ್ರಕಟವಾದ ಲೇಖನದ ಪ್ರಕಾರ, ಆಪ್ತ ಮಿತ್ರನೆಂದು ಹೆಸರಿಸಿದ ಪ್ರತಿಯೊಬ್ಬ ಹೆಚ್ಚುವರಿ ಸಹಪಾಠಿಗೂ ಸುಮಾರು 35 ವರ್ಷಗಳ ನಂತರದ ಪುರುಷರ ವೇತನದಲ್ಲಿ ಸರಿಸುಮಾರು ಶೇ. 2ರಷ್ಟು ಹೆಚ್ಚಳ ಕಂಡುಬಂದಿದೆ.

ಅರ್ಥಶಾಸ್ತ್ರಜ್ಞರಾದ ಪರ್ಸಿಕೊ, ಪೋಸ್ಟಲ್‌ವೇಟ್ ಹಾಗೂ ಸಿಲ್ವರ್‌ಮನ್ 2004ರಲ್ಲಿ ಇನ್ನೊಂದು ಸಂಗತಿಯನ್ನು ಮುಂದಿಟ್ಟರು. ಎತ್ತರದ ಪುರುಷರಿಗೆ ದೊರೆಯುವ ಅಧಿಕ ವೇತನವು ಅವರ ಈಗಿನ ಎತ್ತರಕ್ಕಿಂತ 16ರ ವಯಸ್ಸಿನಲ್ಲಿದ್ದ ಎತ್ತರಕ್ಕೇ ಹೆಚ್ಚಾಗಿ ಸಂಬಂಧಿಸಿದೆ. ಕುಳ್ಳ ಹುಡುಗರು ಆಟದ ತಂಡ, ಶಾಲಾ ಸಂಘಗಳಿಂದ ದೂರ ಉಳಿದು, ನಾಲ್ವರೊಡನೆ ಬೆರೆತು ಕೆಲಸ ಮಾಡುವ ರೂಢಿಯನ್ನು ಕಳೆದುಕೊಳ್ಳುತ್ತಾರೆಂಬುದು ಅವರ ವಿವರಣೆ. ಬಾಲ್ಯದ ಆರೋಗ್ಯ ಮತ್ತು ಬುದ್ಧಿಶಕ್ತಿಯೇ ನಿಜವಾದ ಕಾರಣವೆಂದು ಕೇಸ್ ಹಾಗೂ ಪ್ಯಾಕ್ಸನ್ 2008ರಲ್ಲಿ ಇದನ್ನು ಪ್ರಶ್ನಿಸಿದ್ದೂ ಉಂಟು.

ಕಾರಣ ಯಾವುದೇ ಇರಲಿ, ಸಣ್ಣ ಉದ್ದಿಮೆದಾರರಿಗೆ ಇದರಲ್ಲೊಂದು ಎಚ್ಚರಿಕೆಯಿದೆ. ಹತ್ತು ಜನರ ಕಾರ್ಖಾನೆಯಲ್ಲಿ ಸರಾಗವಾಗಿ ಮಾತನಾಡಬಲ್ಲವನು ಬೇಗನೆ ಮೇಲ್ವಿಚಾರಕನಾಗುತ್ತಾನೆ. ಯಂತ್ರದ ದೋಷವನ್ನು ಮೊದಲೇ ಗುರುತಿಸಿದವನು ಹಿಂಜರಿದು ಸುಮ್ಮನಿರುತ್ತಾನೆ. ಸರಕು ಕೆಟ್ಟಾಗ ನಷ್ಟ ಮಾಲೀಕರದ್ದೇ.

ಆದ್ದರಿಂದ ಸಂದರ್ಶನದ ಮಾತುಗಾರಿಕೆಯನ್ನಷ್ಟೇ ನಂಬದೆ, ಕೆಲವು ದಿನ ಕೆಲಸ ಕೊಟ್ಟು ಪರೀಕ್ಷಿಸುವುದು ಲೇಸು. ಬಡ್ತಿಗೆ ಮುನ್ನ ಕೆಲಸದ ದಾಖಲೆಯನ್ನು ನೋಡಬೇಕು. ದಾಸ್ತಾನಿನ ಎಣಿಕೆ, ಗ್ರಾಹಕರೊಡನೆ ವ್ಯವಹಾರ, ಹೊಸಬರ ತರಬೇತಿ ಮುಂತಾದ ಹೊಣೆಗಳನ್ನು ಸರದಿಯಂತೆ ಎಲ್ಲರಿಗೂ ವಹಿಸಬಹುದು. ಸಭೆಗಳಲ್ಲಿ ಮಿತಭಾಷಿಗಳ ಅಭಿಪ್ರಾಯವನ್ನೇ ಮೊದಲು ಕೇಳಬಹುದು. ಶಾಲೆಯಲ್ಲಿ ದೊರೆಯದ ಅವಕಾಶವನ್ನು ಅಂಗಡಿ, ಕಾರ್ಖಾನೆಗಳಲ್ಲಾದರೂ ಒದಗಿಸಲು ಹೆಚ್ಚಿನ ಬಂಡವಾಳವೇನೂ ಬೇಕಿಲ್ಲ.